ಕಲಬೆರಕೆ, ಕಾಳಸಂತೆ ಮತ್ತು ವಿಚಾರಣೆ ಇಲ್ಲದ ಬಂಧನ

ಹಾಲಿಗೆ ಕಲಬೆರಕೆ, ಪಡಿತರ ಅಕ್ಕಿಯ ಕಳ್ಳ ಸಾಗಾಟ, ನಕಲಿ ಬೀಜ. ಇಂಥ ಸುದ್ದಿ ಬಂದಾಗಲೆಲ್ಲ ‘ಗೂಂಡಾ ಕಾಯ್ದೆ ಹಾಕಿ ಒಳಗೆ ತಳ್ಳಿ’ ಎಂಬ ಕೂಗು ಏಳುತ್ತದೆ. ಸಿಟ್ಟು ನ್ಯಾಯವಾದದ್ದೇ. ಆದರೆ ಮುಂಜಾಗ್ರತಾ ಬಂಧನ ಶಿಕ್ಷೆಯಲ್ಲ. ಮುಂದೆ ಆಗಬಹುದಾದ ಕೇಡನ್ನು ತಡೆಯಲು ಮಾತ್ರ ಅದು ಇರುವುದು. ವಕೀಲನಾಗಿ ನಾನು ನೋಡಿದಂತೆ, ಇಂಥ ಆದೇಶಗಳು ಕೋರ್ಟಿನಲ್ಲಿ ಬೀಳುವುದು ಈ ವ್ಯತ್ಯಾಸ ಮರೆತಾಗಲೇ ಜಾಸ್ತಿ.

ಆದೇಶ ಕೈಗೆ ಬಂದರೆ ಮೊದಲು ನೋಡಬೇಕಾದ್ದು, ಅದು ಯಾವ ಕಾಯ್ದೆಯಡಿ ಬಂದಿದೆ ಎಂದು. ಕಾಳಸಂತೆ ತಡೆಗೆ 1980ರ ಕೇಂದ್ರ ಕಾಯ್ದೆ ಇದೆ. ಅಲ್ಲಿ ಪ್ರಶ್ನೆ ಒಂದೇ: ಅಗತ್ಯ ವಸ್ತುಗಳ ಪೂರೈಕೆಗೆ ಧಕ್ಕೆ ಆಗುತ್ತದೆಯೇ? ಇದು 1955ರ ಅಗತ್ಯ ವಸ್ತುಗಳ ಕಾಯ್ದೆಗೆ ಹೆಣೆದುಕೊಂಡಿದೆ. ದಾಸ್ತಾನು ಬಚ್ಚಿಡುವುದು, ಪಡಿತರ ಧಾನ್ಯವನ್ನು ಬೇರೆಡೆಗೆ ಸಾಗಿಸುವುದು ಇದರೊಳಗೆ ಬರಬಹುದು. ಬರೀ ಕಲಬೆರಕೆಯಾದರೆ ಅದು ಸಾಮಾನ್ಯವಾಗಿ 2006ರ ಆಹಾರ ಸುರಕ್ಷತಾ ಕಾಯ್ದೆಯ ವಿಷಯ. ರಾಜ್ಯಗಳ ಗೂಂಡಾ ಕಾಯ್ದೆಗಳ ಅಳತೆಯೇ ಬೇರೆ. ಅಲ್ಲಿ ಸಾರ್ವಜನಿಕ ಸುವ್ಯವಸ್ಥೆಗೆ, ಅಂದರೆ ಸಮಾಜದ ದಿನನಿತ್ಯದ ಬದುಕಿಗೇ ಪೆಟ್ಟು ಬೀಳುತ್ತದೆ ಎಂದು ತೋರಿಸಬೇಕು. ಕೆಲವು ಗಿರಾಕಿಗಳಿಗೆ ಮೋಸ ಆಯಿತು ಅನ್ನುವುದು ಸಾಲದು.

ತೆಲಂಗಾಣದ ಮೆಣಸಿನಕಾಯಿ ಬೀಜದ ಪ್ರಕರಣ ಇದನ್ನು ಚೆನ್ನಾಗಿ ತೋರಿಸುತ್ತದೆ. ಕಳಪೆ ಬೀಜ ಮಾರಿ ರೈತರನ್ನು ಮುಳುಗಿಸಿದ ಆರೋಪದ ಮೇಲೆ ಒಬ್ಬ ವ್ಯಾಪಾರಿಯನ್ನು ‘ಗೂಂಡಾ’ ಎಂದು ಕರೆದು ಬಂಧಿಸಿದರು. 2017ರಲ್ಲಿ ಸುಪ್ರೀಂ ಕೋರ್ಟ್ ಆ ಆದೇಶ ರದ್ದು ಮಾಡಿತು. ಆರೋಪ ಸಣ್ಣದು ಎಂದು ಅದು ಹೇಳಲಿಲ್ಲ. 1966ರ ಬೀಜ ಕಾಯ್ದೆಯಂಥ ಸಾಮಾನ್ಯ ಕಾನೂನುಗಳೇ ಸಾಕಾಗುವಾಗ ಈ ದಾರಿ ಹಿಡಿಯುವಂತಿಲ್ಲ, ಗೂಂಡಾ ಎಂಬ ಪದವನ್ನು ಜಪಿಸಿದರೆ ಬಂಧನಕ್ಕೆ ಕಾರಣ ಹುಟ್ಟುವುದಿಲ್ಲ ಎಂದಿತು. ಆಮೇಲೆ 2018ರಲ್ಲಿ ಆ ರಾಜ್ಯ ತನ್ನ ಕಾಯ್ದೆಗೆ ನಕಲಿ ಬೀಜ, ರಸಗೊಬ್ಬರ, ಆಹಾರ ಕಲಬೆರಕೆ ಅಪರಾಧಿಗಳ ವರ್ಗಗಳನ್ನೂ ಸೇರಿಸಿತು. ಕಾಯ್ದೆಯಲ್ಲಿ ಒಂದು ವರ್ಗದ ಹೆಸರು ಇದ್ದ ಮಾತ್ರಕ್ಕೆ ಮುಗಿಯಿತೇ? ಇಲ್ಲ. ಅದೇ ಕಾಯ್ದೆಯ ‘ಆರ್ಥಿಕ ಅಪರಾಧಿ’ ಎಂಬ ವರ್ಗದಡಿ ಮಾಡಿದ ಬಂಧನವನ್ನು 2021ರಲ್ಲಿ ಸುಪ್ರೀಂ ಕೋರ್ಟ್ ರದ್ದುಪಡಿಸಿತು. ಸುವ್ಯವಸ್ಥೆಗೆ ಧಕ್ಕೆ ಎಲ್ಲಿದೆ ಎಂಬ ಪ್ರಶ್ನೆಗೆ ಉತ್ತರ ಇರಲಿಲ್ಲ.

ತಮಿಳುನಾಡಿನಲ್ಲಿ ಅವಧಿ ಮುಗಿದ ಔಷಧಿಗೆ ಹೊಸ ಲೇಬಲ್ ಅಂಟಿಸಿ ಮಾರಿದ ಆರೋಪದ ಪ್ರಕರಣದಲ್ಲೂ (2011) ಇದೇ ಆಯಿತು. ಹಾಗಂತ ಎಲ್ಲ ಆದೇಶವೂ ಬೀಳುವುದಿಲ್ಲ. ಆಂಧ್ರದಲ್ಲಿ ನಾಟಿ ಸಾರಾಯಿ ಮಾರುತ್ತಿದ್ದವನ ಬಂಧನವನ್ನು 2023ರಲ್ಲಿ ಎತ್ತಿಹಿಡಿಯಲಾಯಿತು. ಅಲ್ಲಿ ಆ ಸಾರಾಯಿ ಆರೋಗ್ಯಕ್ಕೆ ಅಪಾಯ ಎಂಬ ರಾಸಾಯನಿಕ ಪರೀಕ್ಷೆಯ ವರದಿ ಕಡತದಲ್ಲಿತ್ತು.

ಇನ್ನು ದಿನಾಂಕಗಳ ವಿಷಯ. 1980ರ ಕಾಯ್ದೆಯಡಿ ಬಂಧನದ ಕಾರಣಗಳನ್ನು 5 ದಿನದೊಳಗೆ ಕೊಡಬೇಕು. ವಿಶೇಷ ಕಾರಣ ಬರೆದಿಟ್ಟರೆ 10 ದಿನ, ಅದಕ್ಕಿಂತ ಹೆಚ್ಚಿಲ್ಲ. ಡಿಸಿ ಅಥವಾ ಪೊಲೀಸ್ ಕಮಿಷನರ್ ಹೊರಡಿಸಿದ ಆದೇಶಕ್ಕೆ ರಾಜ್ಯ ಸರ್ಕಾರ ಸಾಮಾನ್ಯವಾಗಿ 12 ದಿನದೊಳಗೆ ಒಪ್ಪಿಗೆ ಕೊಡಬೇಕು. 3 ವಾರದೊಳಗೆ ಕಡತ ಸಲಹಾ ಮಂಡಳಿಗೆ (ಬಂಧನಕ್ಕೆ ಸಾಕಷ್ಟು ಕಾರಣ ಇದೆಯೇ ಎಂದು ನೋಡುವ ಮಂಡಳಿ) ಹೋಗಬೇಕು, 7 ವಾರದೊಳಗೆ ಮಂಡಳಿಯ ವರದಿ ಬರಬೇಕು. ಬಂಧನದ ಗರಿಷ್ಠ ಅವಧಿ 6 ತಿಂಗಳು. ಇವು ಬರೀ ತಾಂತ್ರಿಕ ನೆಪಗಳು ಎನ್ನುವವರಿದ್ದಾರೆ. ನಾನು ಒಪ್ಪುವುದಿಲ್ಲ. ಕೋರ್ಟಿನಲ್ಲಿ ಸಾಕ್ಷಿ ವಿಚಾರಣೆ ಇಲ್ಲ, ಪಾಟೀಸವಾಲು ಇಲ್ಲ, ಮಂಡಳಿಯ ಮುಂದೆ ವಕೀಲರನ್ನು ಇಟ್ಟುಕೊಳ್ಳುವ ಹಕ್ಕೂ ಇಲ್ಲ. ಬಂಧಿತನಿಗೆ ಉಳಿಯುವುದು ಈ ಗಡುವುಗಳು ಮಾತ್ರ. ಅಸ್ಸಾಮಿನ ಕಾಮರೂಪ ಜಿಲ್ಲೆಯ ಭತ್ತ-ಅಕ್ಕಿ ವ್ಯಾಪಾರಿಗಳ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1970ರ ದಶಕದಲ್ಲೇ ಹೇಳಿತ್ತು: ಕೇಡು ಎಷ್ಟೇ ದೊಡ್ಡದಿರಲಿ, ಕ್ರಮ ಬಿಟ್ಟು ಒಬ್ಬನ ಸ್ವಾತಂತ್ರ್ಯ ಕಿತ್ತುಕೊಳ್ಳುವಂತಿಲ್ಲ.

ನನ್ನನ್ನು ಹೆಚ್ಚು ಕಾಡುವುದು ಇನ್ನೊಂದು ಸಂಗತಿ. ಅಸುರಕ್ಷಿತ ಆಹಾರದಿಂದ ಸಾವು ಸಂಭವಿಸಿದರೆ ಆಹಾರ ಸುರಕ್ಷತಾ ಕಾಯ್ದೆಯಲ್ಲಿ ಕನಿಷ್ಠ 7 ವರ್ಷದಿಂದ ಜೀವಾವಧಿವರೆಗೆ ಶಿಕ್ಷೆ ಇದೆ. ಅಗತ್ಯ ವಸ್ತುಗಳ ಕಾಯ್ದೆಯಲ್ಲೂ 7 ವರ್ಷದವರೆಗೆ ಜೈಲು ಇದೆ, ಮಾಲು ಮುಟ್ಟುಗೋಲು ಹಾಕುವ ಅಧಿಕಾರ ಡಿಸಿಗಿದೆ. ಮಾದರಿ ಸರಿಯಾಗಿ ತೆಗೆದು, ಲ್ಯಾಬ್ ವರದಿ ತರಿಸಿ, ಕೇಸು ನಡೆಸಿದರೆ ತಪ್ಪಿತಸ್ಥ ನಿಜಕ್ಕೂ ಶಿಕ್ಷೆ ಅನುಭವಿಸುತ್ತಾನೆ. ಬಂಧನದ ಆದೇಶ ಹೈಕೋರ್ಟಿನಲ್ಲಿ ಬಿದ್ದರೆ ಆತ ಗೆದ್ದವನಂತೆ ಹೊರಬರುತ್ತಾನೆ. ಹಾಳು ಮೆಣಸಿನ ಬೀಜ ಬಿತ್ತಿದ ರೈತನಿಗೆ ಇದರಿಂದ ಏನು ಸಿಕ್ಕಿತು?

ಬಂಧಿತರ ಮನೆಯವರಿಗೆ ಕೆಲವು ಮಾತು. ಆದೇಶ ಮತ್ತು ಅದು ನೆಚ್ಚಿಕೊಂಡ ಎಲ್ಲ ಕಾಗದಗಳ ಪ್ರತಿ ಪಡೆಯಿರಿ, ಬಂಧಿತರಿಗೆ ಕನ್ನಡ ಮಾತ್ರ ಬಂದರೆ ಕನ್ನಡದ್ದೇ ಕೇಳಿರಿ. ತಡ ಮಾಡದೆ ಬಂಧನದ ವಿರುದ್ಧ ಸರ್ಕಾರಕ್ಕೆ ಜೈಲಿನ ಮೂಲಕ ಮನವಿ ಕಳಿಸಿ, ಸ್ವೀಕೃತಿ ಇಟ್ಟುಕೊಳ್ಳಿ. ಕೊನೆಯ ಎಫ್‌ಐಆರ್‌ಗೂ ಆದೇಶಕ್ಕೂ ನಡುವೆ ಎಷ್ಟು ತಿಂಗಳ ಅಂತರವಿದೆ ಎಂದು ಬರೆದಿಡಿ. ಆದೇಶ ಬಂದ ದಿನ ಬಂಧಿತರು ಆಗಲೇ ಜೈಲಿನಲ್ಲಿದ್ದರೆ, ಆ ದಿನ ಜಾಮೀನು ಅರ್ಜಿ ಬಾಕಿ ಇತ್ತೇ ಎಂಬುದನ್ನೂ ಸೇರಿಸಿ. ಹೈಕೋರ್ಟಿನಲ್ಲಿ ಹೇಬಿಯಸ್ ಕಾರ್ಪಸ್ ಅರ್ಜಿ (ಬಂಧನ ಕಾನೂನುಬದ್ಧವೇ ಎಂದು ಪ್ರಶ್ನಿಸುವ ಅರ್ಜಿ) ಹಾಕುವ ವಕೀಲರು ಮೊದಲು ಕೇಳುವುದೇ ಈ ತಾರೀಖುಗಳನ್ನು.