ಹುಟ್ಟದೇ ಹೋದ ಯಂತ್ರದ ದೇವತೆ

ಅದೊಂದು ಜಪಾನಿ ವಿಡಿಯೊ ಗೇಮ್. ಅದರ ಕಥೆ ತೆರೆದುಕೊಳ್ಳುವ ಹೊತ್ತಿಗೆ ನಾಲ್ವರು ದೇವತೆಯರು ದೇವಲೋಕದಲ್ಲಿ ಬಡಿದಾಡುತ್ತಿರುತ್ತಾರೆ. ಯುದ್ಧ ಎಷ್ಟು ಕಾಲದಿಂದ ನಡೆದರೂ ಯಾರೂ ಗೆದ್ದಿಲ್ಲ. ಕೊನೆಗೆ ಮೂವರು ಒಂದಾಗಿ ನಾಲ್ಕನೆಯವಳ ಮೇಲೆ ಮುಗಿಬೀಳುತ್ತಾರೆ. ಸೋತವಳು ಭೂಮಿಗೆ ಬಂದು ಬೀಳುತ್ತಾಳೆ. ತಾನು ಯಾರೆಂಬುದೇ ಅವಳಿಗೆ ಮರೆತುಹೋಗಿದೆ. ಅವಳ ಹೆಸರು ನೆಪ್ಟ್ಯೂನ್.

ವಿಡಿಯೊ ಗೇಮ್ ಚರಿತ್ರೆ ಬಲ್ಲವರಿಗೆ ಆ ಹೆಸರು ಕೇಳಿದ ಕೂಡಲೇ ಎದೆಯಲ್ಲಿ ಏನೋ ಕಲಕುತ್ತದೆ. ಜಪಾನಿನ ಗೇಮ್ ಕಂಪನಿ ಸೆಗಾ 1990ರ ದಶಕದ ನಡುವೆ ತಯಾರಿಸಲು ಹೊರಟು, ಮಾರುಕಟ್ಟೆಗೆ ಬಿಡದೇ ಕೈಬಿಟ್ಟ ಕನ್ಸೋಲ್, ಅಂದರೆ ಟಿವಿಗೆ ಜೋಡಿಸಿ ಆಡುವ ಯಂತ್ರ, ಒಂದರ ಹೆಸರದು. ಜಪಾನಿನ ಐಡಿಯಾ ಫ್ಯಾಕ್ಟರಿ ಮತ್ತು ಕಂಪೈಲ್ ಹಾರ್ಟ್ ಸಂಸ್ಥೆಗಳು 2010ರಲ್ಲಿ ‘ಹೈಪರ್‌ಡೈಮೆನ್ಷನ್ ನೆಪ್ಟ್ಯೂನಿಯಾ’ ಎಂಬ ಆಟ ಮಾಡಿದಾಗ, ಮಾರಾಟಕ್ಕೇ ಬಾರದ ಆ ಯಂತ್ರವನ್ನು ನಾಯಕಿಯನ್ನಾಗಿಸಿಕೊಂಡವು. 2013ರಲ್ಲಿ ಅದೇ ಲೋಕ ಅನಿಮೆ (ಜಪಾನಿ ಕಾರ್ಟೂನ್) ಸರಣಿಯಾಗಿಯೂ ಬಂತು.

ಆ ಲೋಕಕ್ಕೆ ಇಂಗ್ಲಿಷ್ ಆವೃತ್ತಿಯಲ್ಲಿ ಗೇಮಿಂಡಸ್ಟ್ರಿ ಎಂದೇ ಹೆಸರು. ಅಲ್ಲಿ ನಾಲ್ಕು ರಾಜ್ಯಗಳು. ಒಂದು ನೆಪ್ಟ್ಯೂನಳದು. ಉಳಿದವುಗಳಲ್ಲಿ ಲಾಸ್ಟೇಷನ್ ಎಂದರೆ ಸೋನಿಯ ಪ್ಲೇಸ್ಟೇಷನ್, ಲೋವೀ ಎಂದರೆ ನಿಂಟೆಂಡೊ ಕಂಪನಿಯ ವೀ, ಲೀನ್‌ಬಾಕ್ಸ್ ಎಂದರೆ ಮೈಕ್ರೋಸಾಫ್ಟ್‌ನ ಎಕ್ಸ್‌ಬಾಕ್ಸ್. ಅವುಗಳ ದೇವತೆಯರು ನ್ವಾರ್, ಬ್ಲಾಂಕ್, ವೆರ್ಟ್. ಮೂರೂ ಫ್ರೆಂಚ್ ಪದಗಳು: ಕಪ್ಪು, ಬಿಳಿ, ಹಸಿರು. ಆ ಕಾಲದ ಪ್ಲೇಸ್ಟೇಷನ್ ಕಪ್ಪಾಗಿತ್ತು, ವೀ ಬಿಳಿಯಾಗಿತ್ತು; ಹಸಿರು ಎಕ್ಸ್‌ಬಾಕ್ಸ್‌ನ ಗುರುತಿನ ಬಣ್ಣ. ಮುಂದಿನ ಆಟದಲ್ಲಿ ದೇವತೆಯರಿಗೆ ತಂಗಿಯರು ಬರುತ್ತಾರೆ. ತಂಗಿ ಎಂದರೆ ಕೈಯಲ್ಲಿ ಹಿಡಿದು ಆಡುವ ಪುಟ್ಟ ಯಂತ್ರ. ನೆಪ್ಟ್ಯೂನಳ ತಂಗಿ ನೆಪ್‌ಗಿಯರ್, ಸೆಗಾದ ಗೇಮ್ ಗಿಯರ್ ನೆನಪಿಗೆ. ಎರಡು ಪರದೆಯ ನಿಂಟೆಂಡೊ ಡಿಎಸ್‌ಗಾಗಿ ಬ್ಲಾಂಕ್‌ಗೆ ರೋಮ್, ರ‍್ಯಾಮ್ ಎಂಬ ಅವಳಿ ತಂಗಿಯರು. ವೆರ್ಟ್‌ಗೆ ಮಾತ್ರ ತಂಗಿಯೇ ಇಲ್ಲ, ಏಕೆಂದರೆ ಮೈಕ್ರೋಸಾಫ್ಟ್ ಅಂಥ ಪುಟ್ಟ ಯಂತ್ರ ಮಾಡಿರಲಿಲ್ಲ. ಕಥೆಯುದ್ದಕ್ಕೂ ಅವಳು ಬೇರೆಯವರ ತಂಗಿಯರನ್ನು ಆಸೆಗಣ್ಣಿಂದ ನೋಡುತ್ತಾಳೆ. ಒಂದು ಕಂಪನಿಯ ಸರಕುಪಟ್ಟಿಯಲ್ಲಿದ್ದ ಖಾಲಿ ಜಾಗ ಇಲ್ಲಿ ಒಬ್ಬಳ ಒಂಟಿತನವಾಗಿದೆ.

ಇಷ್ಟೇ ಆಗಿದ್ದರೆ ಇದೊಂದು ಜಾಣ ಹೆಸರಾಟವಾಗಿ ಮುಗಿಯುತ್ತಿತ್ತು. ನನ್ನನ್ನು ಹಿಡಿದು ನಿಲ್ಲಿಸಿದ್ದು ಈ ದೇವತೆಯರಿಗೆ ಶಕ್ತಿ ಎಲ್ಲಿಂದ ಬರುತ್ತದೆ ಎಂಬ ವಿಚಾರ. ಅದು ಪ್ರಜೆಗಳ ನಂಬಿಕೆಯಿಂದ ಬರುತ್ತದೆ. ಜನ ಹೆಚ್ಚು ನಂಬಿದಷ್ಟೂ ದೇವತೆ ಬಲಿಷ್ಠಳಾಗುತ್ತಾಳೆ; ಭಕ್ತರು ಕಡಿಮೆಯಾದರೆ ರೂಪ ಬದಲಿಸುವ ಶಕ್ತಿಯೂ ಕುಂದುತ್ತದೆ. ಈ ನಂಬಿಕೆಗೆ ಆಟದೊಳಗೆ ‘ಶೇರ್’ ಎನ್ನುತ್ತಾರೆ. ಮಾರ್ಕೆಟ್ ಶೇರ್ ಎನ್ನುವಾಗಿನ ಶೇರ್ ಅದೇ. ಮಾರುಕಟ್ಟೆಯ ಪಾಲೂ ಭಕ್ತಿಯೂ ಒಂದೇ ಎಂಬ ಈ ಮಾತು ನಗಿಸಲು ಹೇಳಿದ್ದು. ಆದರೆ ಅರ್ಥಶಾಸ್ತ್ರಜ್ಞರು ಸಮೀಕರಣ ಹೂಡಿ ತಲುಪಿದ ಜಾಗಕ್ಕೆ ಈ ತಮಾಷೆಯೂ ಬಂದು ತಲುಪಿದೆ.

ವಾರದ ಸಂತೆಯನ್ನು ನೆನಪಿಸಿಕೊಳ್ಳಿ. ಜನ ಸೇರುತ್ತಾರೆಂದರೆ ವ್ಯಾಪಾರಿಗಳು ಗಾಡಿ ಕಟ್ಟುತ್ತಾರೆ. ವ್ಯಾಪಾರಿಗಳು ಬರುತ್ತಾರೆಂದರೆ ಜನ ಚೀಲ ಹಿಡಿದು ಹೊರಡುತ್ತಾರೆ. ಈ ವಾರ ಸಂತೆ ಸೇರುವುದಿಲ್ಲವಂತೆ ಎಂಬ ಸುದ್ದಿ ಹಬ್ಬಿದರೆ ಸಾಕು, ಸುದ್ದಿ ಸುಳ್ಳಾಗಿದ್ದರೂ ಸಂತೆ ಸೇರುವುದಿಲ್ಲ. ಗೇಮ್ ಕನ್ಸೋಲ್ ಕೂಡ ಇಂಥದೇ ಸಂತೆ ಮೈದಾನ. ಒಂದು ಕಡೆ ಆಡುವವರು, ಇನ್ನೊಂದು ಕಡೆ ಆಟ ಬರೆಯುವ ಸ್ಟುಡಿಯೊಗಳು. ಮೈದಾನದ ಒಡೆಯನಾದ ಕಂಪನಿ ಎಷ್ಟೋ ಸಲ ಯಂತ್ರವನ್ನು ನಷ್ಟಕ್ಕೆ ಮಾರಿ, ಸ್ಟುಡಿಯೊಗಳಿಂದ ಪ್ರತಿ ಆಟದ ಮೇಲೆ ಪಡೆಯುವ ಪಾಲಿನಿಂದ ಅದನ್ನು ತುಂಬಿಕೊಳ್ಳುತ್ತದೆ. ಅರ್ಥಶಾಸ್ತ್ರಜ್ಞರಾದ ಮೈಕಲ್ ಕಾಟ್ಜ್ ಮತ್ತು ಕಾರ್ಲ್ ಶಪೀರೊ 1985ರಲ್ಲೇ ಇಂಥ ಸರಕುಗಳ ಬಗ್ಗೆ ಬರೆದಿದ್ದರು. ಬಳಸುವವರು ಹೆಚ್ಚಿದಷ್ಟೂ ಬೆಲೆ ಬಾಳುವ ವಸ್ತುವನ್ನು ಕೊಳ್ಳುವಾಗ, ಇಂದು ಎಷ್ಟು ಜನರ ಬಳಿ ಅದು ಇದೆ ಎನ್ನುವುದಕ್ಕಿಂತ ಮುಂದೆ ಎಷ್ಟು ಜನ ಕೊಂಡಾರು ಎಂಬ ನಿರೀಕ್ಷೆಯೇ ನಮ್ಮನ್ನು ನಡೆಸುತ್ತದೆ. ಎರಡು ಕಡೆಯವರನ್ನೂ ಒಟ್ಟಿಗೆ ಸೆಳೆಯಬೇಕಾದ ಇಂಥ ಮಾರುಕಟ್ಟೆಗಳ ಸಿದ್ಧಾಂತವನ್ನು ಝಾನ್ ಶಾರ್ಲ್ ರೋಶೆ ಮತ್ತು ಝಾನ್ ತಿರೋಲ್ 2003ರಲ್ಲಿ ಬೆಳೆಸಿದರು. ಅವರು ಕೊಟ್ಟ ಉದಾಹರಣೆಗಳಲ್ಲಿ ವಿಡಿಯೊ ಗೇಮ್ ಕೂಡ ಒಂದು. ತಿರೋಲ್ ಅವರಿಗೆ 2014ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಬಂತು.

ಕನ್ಸೋಲ್ ಕೊಳ್ಳುವ ಹುಡುಗ ಮುಂದಿನ ನಾಲ್ಕೈದು ವರ್ಷ ಬರಲಿರುವ, ಇನ್ನೂ ಯಾರೂ ಬರೆದಿರದ ಆಟಗಳಿಗೂ ಸೇರಿಸಿಯೇ ಇಂದು ಹಣ ಕೊಡುತ್ತಾನೆ. ಇದನ್ನು ನಂಬಿಕೆ ಎನ್ನದೆ ಬೇರೇನೆನ್ನಬೇಕು?

ಸೆಗಾ ಕಳೆದುಕೊಂಡದ್ದೂ ಇದನ್ನೇ. 1994ರ ನವೆಂಬರ್‌ನಲ್ಲಿ ಆ ಕಂಪನಿ ಅಮೆರಿಕದಲ್ಲಿ ತನ್ನ ಹಳೆಯ ಯಂತ್ರದ ನೆತ್ತಿಗೆ ಸಿಕ್ಕಿಸುವ 32ಎಕ್ಸ್ ಎಂಬ ಉಪಕರಣ ಬಿಟ್ಟಿತು. ಅದೇ ತಿಂಗಳು ಜಪಾನಿನಲ್ಲಿ ಸ್ಯಾಟರ್ನ್ ಎಂಬ ಹೊಚ್ಚಹೊಸ ಕನ್ಸೋಲನ್ನೂ ಬಿಟ್ಟಿತು. ಹಳೆಯ ಯಂತ್ರ ಮತ್ತು 32ಎಕ್ಸ್ ಎರಡನ್ನೂ ಒಂದೇ ಪೆಟ್ಟಿಗೆಯಲ್ಲಿ ಸೇರಿಸಿ ಕೊಡುವ ಯೋಜನೆಯೇ ನೆಪ್ಟ್ಯೂನ್. ಸ್ಯಾಟರ್ನ್ ಬಂದ ಮೇಲೆ 32ಎಕ್ಸ್‌ಗೆ ಆಟ ಬರೆಯುವವರು ಯಾರು? ನೆಪ್ಟ್ಯೂನ್ 1995ರಲ್ಲಿ ಮಾದರಿಯ ಹಂತದಲ್ಲೇ ನಿಂತಿತು. 32ಎಕ್ಸ್ ಕೊಂಡವರ ಕೈಯಲ್ಲಿ ಉಳಿದದ್ದು ಭವಿಷ್ಯವಿಲ್ಲದ ಒಂದು ಪ್ಲಾಸ್ಟಿಕ್ ತುಣುಕು.

ಅದೇ ವರ್ಷದ ಮೇ ತಿಂಗಳಲ್ಲಿ ಇನ್ನೊಂದು ಪೆಟ್ಟು. ಸ್ಯಾಟರ್ನ್ ಅಮೆರಿಕಕ್ಕೆ ಸೆಪ್ಟೆಂಬರ್‌ನಲ್ಲಿ ಬರುತ್ತದೆ ಎಂದು ಎಲ್ಲರೂ ಕಾದಿದ್ದರು. ಸೆಗಾ ಇದ್ದಕ್ಕಿದ್ದಂತೆ, ಇಂದೇ ಮಾರಾಟ ಶುರು, ಬೆಲೆ 399 ಡಾಲರ್ ಎಂದು ಘೋಷಿಸಿತು. ಸರಕು ಸಿಕ್ಕಿದ್ದು ಆಯ್ದ ಕೆಲವು ಅಂಗಡಿಗಳಿಗೆ ಮಾತ್ರ. ಉಳಿದ ಅಂಗಡಿಯವರು ಸಿಟ್ಟಾದರು. ಸೆಪ್ಟೆಂಬರನ್ನು ನೆಚ್ಚಿ ಆಟ ತಯಾರಿಸುತ್ತಿದ್ದ ಸ್ಟುಡಿಯೊಗಳಿಗೆ ಕೈಕಾಲು ಕಟ್ಟಿದಂತಾಯಿತು. ಅದೇ ದಿನ ಸೋನಿ ತನ್ನ ಪ್ಲೇಸ್ಟೇಷನ್ ಬೆಲೆ 299 ಡಾಲರ್ ಎಂದು ಹೇಳಿತು. ಆಡುವವರು, ಅಂಗಡಿಯವರು, ಆಟ ಬರೆಯುವವರು, ಮೂವರ ಮನಸ್ಸೂ ಹೀಗೆ ಒಂದೇ ಕಾಲದಲ್ಲಿ ಮುರಿಯಿತು.

ಹೀಗಾಗಿ 1998ರ ನವೆಂಬರ್ 27ರಂದು ಜಪಾನಿನಲ್ಲಿ ಸೆಗಾದ ಮುಂದಿನ ಕನ್ಸೋಲ್ ಡ್ರೀಮ್‌ಕಾಸ್ಟ್ ಬಂದಾಗ ಯಂತ್ರ ಚೆನ್ನಾಗಿದ್ದುದೊಂದೇ ಸಾಲದಾಯಿತು. ನಿಜಕ್ಕೂ ಅದು ಚೆನ್ನಾಗಿತ್ತು. ಮೋಡೆಮ್ ಜೊತೆಗೇ ಬರುತ್ತಿತ್ತು. ಮನೆಯಲ್ಲಿ ಕುಳಿತು ಇಂಟರ್‌ನೆಟ್ ಮೂಲಕ ಇನ್ನೊಬ್ಬರ ಜೊತೆ ಆಡುವ ಕನಸನ್ನು ಅದು ಬಹಳ ಮುಂಚೆಯೇ ಕಂಡಿತ್ತು. ಆದರೆ ಸೋನಿಯ ಎರಡನೇ ಪ್ಲೇಸ್ಟೇಷನ್ ಬರಲಿದೆ, ಅದರಲ್ಲಿ ಡಿವಿಡಿ ಸಿನಿಮಾವನ್ನೂ ನೋಡಬಹುದು ಎಂದು ತಿಳಿದ ಜನ ಕಾದರು. ಜನ ಕಾಯುತ್ತಿದ್ದಾರೆಂದು ಸ್ಟುಡಿಯೊಗಳೂ ಕಾದವು. ಕ್ರೀಡಾ ಆಟಗಳ ದೊಡ್ಡ ಹೆಸರಾದ ಇಎ ಡ್ರೀಮ್‌ಕಾಸ್ಟ್‌ಗೆ ಒಂದೇ ಒಂದು ಆಟ ಕೊಡಲಿಲ್ಲ. 2001ರ ಜನವರಿ 31ರಂದು ಸೆಗಾ ಡ್ರೀಮ್‌ಕಾಸ್ಟ್ ತಯಾರಿಕೆ ನಿಲ್ಲಿಸುವುದಾಗಿ ಹೇಳಿತು. ಮಾರಾಟವಾದದ್ದು ಸುಮಾರು 91 ಲಕ್ಷ ಯಂತ್ರ. ಎರಡನೇ ಪ್ಲೇಸ್ಟೇಷನ್ ಮುಂದೆ 15 ಕೋಟಿ ದಾಟಿತು. ಯಂತ್ರದ ಗುಣದಲ್ಲಿ ಇಷ್ಟು ಅಂತರವಿರಲಿಲ್ಲ, ನಿರೀಕ್ಷೆಯಲ್ಲಿ ಇತ್ತು.

ಸೋಲಿನ ನಡುವೆಯೇ ಸೆಗಾ ತನ್ನ ಕಥೆಯನ್ನು ತಾನೇ ಆಟವಾಗಿಸಿತು ಎಂಬುದು ಈ ಚರಿತ್ರೆಯಲ್ಲಿ ನನಗೆ ಬಹಳ ಇಷ್ಟವಾದ ಭಾಗ. ಟೆಜ್ ಒಕಾನೊ ನಿರ್ದೇಶಿಸಿದ ‘ಸೆಗಾಗಾಗಾ’ 2001ರ ಮಾರ್ಚ್‌ನಲ್ಲಿ ಡ್ರೀಮ್‌ಕಾಸ್ಟ್‌ಗೆ ಬಂತು. ಯಂತ್ರದ ಸಾವು ಘೋಷಣೆಯಾಗಿ ಆಗಲೇ ಎರಡು ತಿಂಗಳು ಕಳೆದಿತ್ತು. ಕಥೆ ನಡೆಯುವುದು 2025ರಲ್ಲಿ. ಸೆಗಾದ ಪಾಲು 3%ಕ್ಕೆ ಇಳಿದಿದೆ, ಉಳಿದುದೆಲ್ಲ ಡಾಗ್ಮಾ ಎಂಬ ಕಂಪನಿಯ ಕೈಯಲ್ಲಿದೆ. ಸೆಗಾ ತಾರೋ ಎಂಬ ಹುಡುಗ ಕಂಪನಿಯನ್ನು ಉಳಿಸಬೇಕು. ಅವನು ಇಳಿಯುವ ಗುಹೆಗಳು ನಿಜದಲ್ಲಿ ಸೆಗಾದ ಸ್ಟುಡಿಯೊಗಳು. ಒತ್ತಡದಲ್ಲಿ ಬೆಂದು ವಿಕಾರವಾಗಿ ಹೋದ ಉದ್ಯೋಗಿಗಳೇ ಅಲ್ಲಿನ ರಾಕ್ಷಸರು. ಅವರೊಂದಿಗೆ ನಡೆಯುವುದು ಮಾತಿನ ಕಾಳಗ. ಗೆದ್ದರೆ ಅವರನ್ನೇ ಒಲಿಸಿಕೊಂಡು ಕೆಲಸಕ್ಕೆ ಕರೆದೊಯ್ಯಬಹುದು. ನೀಲಿ ಮುಳ್ಳುಹಂದಿ ಸೋನಿಕ್ ಬರುವ ಮುನ್ನ ಸೆಗಾದ ಮುಖವಾಗಿದ್ದ ಅಲೆಕ್ಸ್ ಕಿಡ್ ಒಂದು ಕಡೆ ಎದುರಾಗಿ, ತಾನು ಮೂಲೆಗುಂಪಾದ ಬಗೆಯನ್ನು ಹೇಳಿಕೊಳ್ಳುತ್ತಾನೆ. ತನ್ನ ಮನೆಯ ದುಃಖವನ್ನು ಇಷ್ಟು ಪ್ರಾಮಾಣಿಕವಾಗಿ ಹೊರಗಿಟ್ಟ ಕಂಪನಿ ಇನ್ನೊಂದನ್ನು ನಾನು ಕಂಡಿಲ್ಲ.

ನೆಪ್ಟ್ಯೂನಿಯಾದ ಖಳನಾಯಕಿಯ ವಿಚಾರಕ್ಕೆ ಬರೋಣ. ಜಪಾನಿ ಭಾಷೆಯಲ್ಲಿ ಅವಳ ಹೆಸರು ಮಜೆಕೊನ್ನು. ನಕಲು ಆಟ ಓಡಿಸುವ ಉಪಕರಣಗಳಿಗೆ ಅಲ್ಲಿ ಹೇಳುವ ‘ಮಜಿಕೊನ್’ ಪದದಿಂದ ಬಂದದ್ದು. ಇಂಗ್ಲಿಷಿನಲ್ಲಿ ಅವಳು ಆರ್‌ಫೋರ್: ಡಿಎಸ್ ಯಂತ್ರದೊಳಗೆ ತೂರಿಸುತ್ತಿದ್ದ ಆರ್4 ಕಾರ್ಡಿನ ನೆನಪು. ಅಸಲಿ ಕಾರ್ಡಿನಂತೆಯೇ ಉತ್ತರ ಕೊಟ್ಟು ಯಂತ್ರವನ್ನು ನಂಬಿಸಿ, ಮೆಮೊರಿ ಕಾರ್ಡಿನಲ್ಲಿ ತುಂಬಿದ ನಕಲು ಆಟಗಳನ್ನು ಅದು ಓಡಿಸುತ್ತಿತ್ತು. ನಿಂಟೆಂಡೊ ಮತ್ತು 54 ಆಟದ ಕಂಪನಿಗಳು ಹೂಡಿದ ದಾವೆಯಲ್ಲಿ ಟೋಕಿಯೊದ ಜಿಲ್ಲಾ ನ್ಯಾಯಾಲಯ 2009ರ ಫೆಬ್ರವರಿಯಲ್ಲಿ ಅದರ ಮಾರಾಟಕ್ಕೆ ತಡೆ ಹಾಕಿತು. ಮರುವರ್ಷವೇ ಆ ಕಾರ್ಡು ಕಥೆಯೊಳಗೆ ರಾಕ್ಷಸಿಯಾಗಿ ಕಾಣಿಸಿಕೊಂಡಿತು.

ಇಲ್ಲಿ ನನ್ನ ಮನಸ್ಸು ಎರಡಾಗುತ್ತದೆ. ನಮ್ಮಲ್ಲಿ ಬಹಳಷ್ಟು ಮಂದಿ ಮೊದಲು ಆಡಿದ್ದು ‘ಟಿವಿ ಗೇಮ್’ ಎಂದು ಕರೆಯುತ್ತಿದ್ದ ನಕಲು ಯಂತ್ರಗಳಲ್ಲಿ. ಬೇಸಿಗೆ ರಜೆ, ಮೇಲೆ 9999 ಆಟಗಳೆಂದು ಬರೆದ ಹಳದಿ ಕ್ಯಾಸೆಟ್, ಆಟ ಬಾರದಿದ್ದರೆ ಅದನ್ನು ತೆಗೆದು ಬಾಯಿಂದ ಊದುವುದು, ಮಾರಿಯೊ, ಕಾಂಟ್ರಾ. ಆ ಯಂತ್ರ ನಿಂಟೆಂಡೊದ ಫ್ಯಾಮಿಕಾಮ್ ಎಂಬುದರ ಪಡಿಯಚ್ಚು ಎಂದು ನನಗೆ ತಿಳಿದದ್ದು ಎಷ್ಟೋ ವರ್ಷಗಳ ಮೇಲೆ.

ಆ ಕ್ಯಾಸೆಟ್ಟುಗಳು ಅಡೆತಡೆಯಿಲ್ಲದೆ ಓಡಿದ್ದಕ್ಕೂ ಕಾರಣವಿದೆ. ಫ್ಯಾಮಿಕಾಮ್ 1983ರಲ್ಲಿ ಜಪಾನಿನಲ್ಲಿ ಬಂದಾಗ ಅನುಮತಿಯಿಲ್ಲದ ಆಟಗಳನ್ನು ತಡೆಯುವ ಬೀಗ ಅದಕ್ಕಿರಲಿಲ್ಲ. ಅದೇ ವರ್ಷ ಅಮೆರಿಕದಲ್ಲಿ ಆಗಿನ ದೊಡ್ಡ ಗೇಮ್ ಕಂಪನಿ ಅಟಾರಿಯ ಕಾಲ ಕುಸಿದುಬಿತ್ತು. ಯಾರು ಬೇಕಾದರೂ ಕಳಪೆ ಆಟ ತಂದು ಸುರಿಯಬಹುದಾಗಿದ್ದರಿಂದ ಜನ ಆಟಗಳನ್ನೇ ನಂಬದಾದರು. ಮಾರಾಟವಾಗದೆ ಉಳಿದ ಎಷ್ಟೋ ಕಾರ್ಟ್ರಿಜ್‌ಗಳನ್ನು, ಅಂದರೆ ಆಟದ ಕ್ಯಾಸೆಟ್ಟುಗಳನ್ನು, ನ್ಯೂ ಮೆಕ್ಸಿಕೊದ ಅಲಮಗೋರ್ಡೊದಲ್ಲಿ ಮಣ್ಣಿಗೆ ಹಾಕಿದರು. 2014ರಲ್ಲಿ ಅಗೆದಾಗ ಅವು ಸಿಕ್ಕವು. ಆ ಪಾಠ ಕಲಿತ ನಿಂಟೆಂಡೊ 1985ರಲ್ಲಿ ಅಮೆರಿಕಕ್ಕೆ ಯಂತ್ರ ಒಯ್ಯುವಾಗ ಅದರೊಳಗೊಂದು, ಪ್ರತಿ ಕಾರ್ಟ್ರಿಜ್‌ನೊಳಗೊಂದು ಚಿಪ್ ಇಟ್ಟಿತು. ಎರಡೂ ಒಂದೇ ಲೆಕ್ಕವನ್ನು ಹೆಜ್ಜೆಗೆ ಹೆಜ್ಜೆ ಸೇರಿಸಿ ಮಾಡುತ್ತವೆ. ಉತ್ತರ ತಾಳೆಯಾಗದಿದ್ದರೆ ಯಂತ್ರ ಸೆಕೆಂಡಿಗೊಮ್ಮೆ ರೀಸೆಟ್ ಆಗುತ್ತಲೇ ಇರುತ್ತದೆ. ನಮ್ಮೂರಿನ ಟಿವಿ ಗೇಮ್‌ಗಳು ಬೀಗವಿಲ್ಲದ ಜಪಾನಿ ಯಂತ್ರದ ಸಂತಾನವಾದ್ದರಿಂದ ನಮಗೆ ಬಾಗಿಲು ತೆರೆದೇ ಇತ್ತು. ಅಸಲಿ ಯಂತ್ರ ಕೊಳ್ಳುವ ಶಕ್ತಿ ನಮ್ಮ ಮನೆಗಳಿಗೆ ಇರಲಿಲ್ಲ. ನಕಲನ್ನು ಬರೀ ಕೇಡು ಎಂದು ಚಿತ್ರಿಸುವ ಕಥೆಯನ್ನು ಹಾಗಾಗಿ ನಾನು ಪೂರ್ತಿ ಒಪ್ಪಲಾರೆ.

ಆದರೂ 2011ರಲ್ಲಿ ಬಂದ ಎರಡನೇ ಆಟ ಈ ಕೇಡು ಸಾಗುವ ದಾರಿಯನ್ನು ಸರಿಯಾಗಿ ತೋರಿಸುತ್ತದೆ. ಖಳನಾಯಕಿಯ ಕೂಟ ಪುಕ್ಕಟೆ ಆಟ ಹಂಚುತ್ತದೆ, ಜನರ ನಂಬಿಕೆ ಅತ್ತ ಹರಿಯುತ್ತದೆ, ದೇವತೆಯರು ಮೂರು ವರ್ಷ ಸೆರೆಯಲ್ಲಿರುತ್ತಾರೆ. ಸಂತೆಯಲ್ಲಿ ಸರಕೆಲ್ಲ ಪುಕ್ಕಟೆಯಾದರೆ ಜನ ಮುಗಿಬೀಳುತ್ತಾರೆ, ವ್ಯಾಪಾರಿ ಮಾತ್ರ ಮುಂದಿನ ವಾರ ಬರುವುದಿಲ್ಲ. ಅದೇ ಆಟಕ್ಕೆ ಕರಾಳವಾದ ಇನ್ನೊಂದು ಮುಕ್ತಾಯವೂ ಇದೆ. ಅದರಲ್ಲಿ ನೆಪ್‌ಗಿಯರ್ ಶತ್ರುವನ್ನು ಗೆಲ್ಲಲೆಂದು ಉಳಿದ ದೇವತೆಯರನ್ನೆಲ್ಲ ಬಲಿಕೊಟ್ಟು, ಅಷ್ಟೂ ನಂಬಿಕೆಯನ್ನು ಒಂದೇ ಕಡೆ ಸೇರಿಸುತ್ತಾಳೆ. ಎದುರಾಳಿಯೇ ಇಲ್ಲದ ಆ ಲೋಕ ಬೆಳೆಯುವುದನ್ನು ನಿಲ್ಲಿಸಿ ಅಳಿವಿನ ದಾರಿ ಹಿಡಿಯುತ್ತದೆ.

2015ರಲ್ಲಿ ಬಂದ ಭಾಗದಲ್ಲಿ ಉಜುಮೆ ಎಂಬ ಹೊಸ ದೇವತೆ ಕಾಣಿಸಿಕೊಂಡಳು. ಕಿತ್ತಳೆ ಬಣ್ಣ, ಡ್ರೀಮ್‌ಕಾಸ್ಟ್‌ನ ಸುರುಳಿಯ ಗುರುತು. ಕನಸು ಕಂಡದ್ದನ್ನು ನಿಜವಾಗಿಸುವ ಶಕ್ತಿ ಅವಳದು. ಹಾಳುಬಿದ್ದ ಲೋಕವೊಂದರಲ್ಲಿ ಅವಳು ಇರುತ್ತಾಳೆ, ಹೊರಗಿನ ಯಾರಿಗೂ ಅವಳ ನೆನಪಿಲ್ಲ. ಅಲ್ಲಿ ಅವಳನ್ನು ಕಾಣುವವಳು ನೆಪ್ಟ್ಯೂನ್. ಆ ಆಟ ಬಂದದ್ದು ನಾಲ್ಕನೇ ಪ್ಲೇಸ್ಟೇಷನ್‌ಗೆ. ಮೊದಲ ಆಟವೂ ಮೂರನೆಯದಕ್ಕೇ ಬಂದಿತ್ತು. ಸೆಗಾ ಕೂಡ 2001ರಿಂದ ತನ್ನ ಆಟಗಳನ್ನು ಬೇರೆಯವರ ಯಂತ್ರಗಳಿಗೆ ಬರೆಯತೊಡಗಿತು. ಅದೇ ವರ್ಷದ ಡಿಸೆಂಬರ್‌ನಲ್ಲಿ ಸೋನಿಕ್ ಮೊದಲ ಸಲ ನಿಂಟೆಂಡೊ ಗೇಮ್‌ಕ್ಯೂಬ್‌ನಲ್ಲಿ ಓಡಿದ. ಆ ಹೊತ್ತಿಗೆ ಡ್ರೀಮ್‌ಕಾಸ್ಟ್ ಬಂದು ಮೂರೇ ವರ್ಷವಾಗಿತ್ತು.