ವಿಡಿಯೊ ಕೋಡೆಕ್ ಡಿಎಲ್‌ಎಲ್ ದೋಷಗಳು: ಮೊದಲು ಸಂದೇಶ ಓದಿ, ಆಮೇಲೆ ಕೈ ಹಾಕಿ

ವಿಡಿಯೊ ಅಥವಾ ಗೇಮ್ ತೆರೆದ ಕೂಡಲೇ ‘ಎಂಎಫ್‌ಪ್ಲಾಟ್.ಡಿಎಲ್‌ಎಲ್ ಸಿಗುತ್ತಿಲ್ಲ’ ಎಂಬ ಸಂದೇಶ ಬರುತ್ತದೆ. ಡಿಎಲ್‌ಎಲ್ ಎಂದರೆ ಬೇರೆ ಬೇರೆ ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್ ಇರುವ ಫೈಲ್. ಹೆಚ್ಚಿನವರು ಆ ಹೆಸರನ್ನೇ ಇಂಟರ್ನೆಟ್‌ನಲ್ಲಿ ಹುಡುಕುತ್ತಾರೆ. ಒಂದೊಂದೇ ಡಿಎಲ್‌ಎಲ್ ಫೈಲನ್ನು ಪುಕ್ಕಟೆ ಕೊಡುವ ತಾಣಗಳು ಬೇಕಾದಷ್ಟು ಸಿಗುತ್ತವೆ. ದಯವಿಟ್ಟು ಅಲ್ಲಿಂದ ಏನನ್ನೂ ಇಳಿಸಿಕೊಳ್ಳಬೇಡಿ. ಆ ಫೈಲ್ ಯಾವ ಆವೃತ್ತಿಯದು, ಒಳಗೆ ಬೇರೇನು ಸೇರಿಸಿದ್ದಾರೆ ಎಂದು ತಿಳಿಯುವುದಿಲ್ಲ. ಅದಕ್ಕಿಂತ ಮುಖ್ಯವಾಗಿ, ಬಹಳ ಸಲ ತೊಂದರೆ ಇರುವುದು ಆ ಒಂದು ಫೈಲಿನಲ್ಲಿ ಅಲ್ಲವೇ ಅಲ್ಲ.

ಮೊದಲು ಒಂದು ವ್ಯತ್ಯಾಸ ಗಟ್ಟಿ ಮಾಡಿಕೊಳ್ಳೋಣ. ಎವಿಐ, ಎಂಪಿ4, ಎಂಕೆವಿ ಇವು ಬರೀ ಡಬ್ಬಿಗಳು. ಒಳಗಿನ ಚಿತ್ರವನ್ನು ಯಾವ ರೀತಿಯಲ್ಲಿ ಕುಗ್ಗಿಸಿದ್ದಾರೆ ಎನ್ನುವುದು ಕೋಡೆಕ್‌ಗೆ, ಅಂದರೆ ಚಿತ್ರವನ್ನು ಕುಗ್ಗಿಸಿ ಮತ್ತೆ ಬಿಡಿಸುವ ತಂತ್ರಾಂಶಕ್ಕೆ, ಸೇರಿದ ವಿಷಯ. ಹಾಗಾಗಿ ಒಂದು ಎಂಪಿ4 ಓಡಿ ಇನ್ನೊಂದು ಓಡದಿರುವುದು ವಿಚಿತ್ರವೇನಲ್ಲ. ಮೀಡಿಯಾಇನ್ಫೊ ಎಂಬ ಉಚಿತ ತಂತ್ರಾಂಶದಲ್ಲಿ ಫೈಲ್ ತೆರೆದರೆ ಒಳಗಿರುವುದು ಎಚ್.264 ಅಥವಾ ಎಚ್‌ಇವಿಸಿ ಅಥವಾ ಎಕ್ಸ್‌ವಿಡ್ ಎಂದು ತೋರಿಸುತ್ತದೆ. ಯಾವ ರಿಪೇರಿಗೂ ಮುಂಚೆ ಇದನ್ನು ನೋಡಿಕೊಳ್ಳಿ.

ವಿಂಡೋಸ್‌ನಲ್ಲಿ ಕೋಡೆಕ್ ಹುಡುಕುವ ಮೂರು ಪದ್ಧತಿಗಳು ಒಂದರ ಮೇಲೊಂದು ಉಳಿದುಕೊಂಡಿವೆ. 1992ರ ವಿಡಿಯೊ ಫಾರ್ ವಿಂಡೋಸ್, ಆಮೇಲೆ ಬಂದ ಡೈರೆಕ್ಟ್‌ಶೋ, ವಿಸ್ತಾದಿಂದ ಶುರುವಾದ ಮೀಡಿಯಾ ಫೌಂಡೇಶನ್. ಹಳೆಯ ಪದ್ಧತಿಯನ್ನು ಅರ್ಥ ಮಾಡಿಕೊಂಡರೆ ಉಳಿದದ್ದು ಸುಲಭ. ಎವಿಐ ಫೈಲಿನಲ್ಲಿ ಕೋಡೆಕ್‌ನ ಗುರುತಾಗಿ ನಾಲ್ಕು ಅಕ್ಷರ ಇರುತ್ತವೆ. ಪ್ಲೇಯರ್ ಆ ಅಕ್ಷರಗಳನ್ನು, ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ಬರೆದಿಡುವ ರಿಜಿಸ್ಟ್ರಿಯ ಡ್ರೈವರ್ಸ್32 ಎಂಬ ಜಾಗದಲ್ಲಿ ಹುಡುಕುತ್ತದೆ. ಎಕ್ಸ್‌ವಿಡ್ ಆದರೆ ಅಲ್ಲಿ ಎಕ್ಸ್‌ವಿಡ್‌ವಿಎಫ್‌ಡಬ್ಲ್ಯು.ಡಿಎಲ್‌ಎಲ್ ಎಂದು ಬರೆದಿರುತ್ತದೆ. ಅದನ್ನು ತೆರೆದರೆ ಅದು ತನ್ನ ಕೆಲಸಕ್ಕೆ ಎಕ್ಸ್‌ವಿಡ್‌ಕೋರ್.ಡಿಎಲ್‌ಎಲ್ ಅನ್ನು ಕರೆಯುತ್ತದೆ. ಈ ಸರಪಳಿಯಲ್ಲಿ ಎಲ್ಲಿ ಕೊಂಡಿ ತಪ್ಪಿದರೂ ನಮಗೆ ಕಾಣುವುದು ಒಂದೇ ಫಲ: ಚಿತ್ರ ಬರುವುದಿಲ್ಲ. ಅದಕ್ಕೇ ಸಂದೇಶದ ಪದಗಳು ಅಷ್ಟು ಮುಖ್ಯ.

ಈಗ ಎಂಎಫ್‌ಪ್ಲಾಟ್‌ಗೆ ಬರೋಣ. ಇದು ಮೀಡಿಯಾ ಫೌಂಡೇಶನ್‌ನ ಬುಡದ ಫೈಲ್. ಇದು ಇಲ್ಲ ಎಂದರೆ ನಿಮ್ಮದು ವಿಂಡೋಸ್‌ನ ‘ಎನ್’ ಆವೃತ್ತಿ ಇರುವ ಸಾಧ್ಯತೆ ಜಾಸ್ತಿ. ವಿಂಡೋಸ್ ಜೊತೆ ಮೀಡಿಯಾ ಪ್ಲೇಯರ್ ಕಟ್ಟಿ ಕೊಡುವುದರ ವಿರುದ್ಧ ಯುರೋಪಿಯನ್ ಕಮಿಷನ್ 2004ರಲ್ಲಿ ತೀರ್ಪು ಕೊಟ್ಟ ಮೇಲೆ ಹುಟ್ಟಿದ ಆವೃತ್ತಿ ಅದು. ಅದರಲ್ಲಿ ಮೀಡಿಯಾ ಭಾಗಗಳು ಬರುವುದೇ ಇಲ್ಲ. ಸೆಟ್ಟಿಂಗ್ಸ್‌ನ ಅಬೌಟ್ ಪುಟದಲ್ಲಿ ಆವೃತ್ತಿಯ ಹೆಸರು ನೋಡಿ. ಕೊನೆಯಲ್ಲಿ ‘ಎನ್’ ಇದ್ದರೆ ಆಪ್ಷನಲ್ ಫೀಚರ್ಸ್‌ಗೆ ಹೋಗಿ ಮೀಡಿಯಾ ಫೀಚರ್ ಪ್ಯಾಕ್ ಸೇರಿಸಿ, ಕಂಪ್ಯೂಟರನ್ನು ರೀಸ್ಟಾರ್ಟ್ ಮಾಡಿ. ಗೆಳೆಯರ ಕಂಪ್ಯೂಟರಿನಿಂದ ಆ ಒಂದು ಫೈಲ್ ನಕಲು ಮಾಡಿ ತಂದರೆ ಅದು ಇನ್ನೊಂದು ಫೈಲ್ ಕೇಳುತ್ತದೆ, ಅದು ಮತ್ತೊಂದನ್ನು. ಆ ದಾರಿಗೆ ಕೊನೆ ಇಲ್ಲ.

ಆವೃತ್ತಿ ‘ಎನ್’ ಅಲ್ಲದಿದ್ದರೆ ವಿಂಡೋಸ್‌ನ ಸ್ವಂತ ಫೈಲುಗಳೇ ಕೆಟ್ಟಿರಬಹುದು. ಆಗ ಅಡ್ಮಿನ್ ಆಗಿ ಕಮಾಂಡ್ ಪ್ರಾಂಪ್ಟ್ ತೆರೆದು ವಿಂಡೋಸ್‌ನದೇ ಎರಡು ರಿಪೇರಿ ಆದೇಶಗಳನ್ನು, ಮೊದಲು ಡಿಐಎಸ್‌ಎಂನ ರಿಸ್ಟೋರ್‌ಹೆಲ್ತ್, ನಂತರ ಎಸ್‌ಎಫ್‌ಸಿ ಸ್ಕ್ಯಾನ್‌ನೌ ಓಡಿಸಿ. ಈ ಕ್ರಮಕ್ಕೆ ಕಾರಣವಿದೆ. ಎಸ್‌ಎಫ್‌ಸಿ ಒಳ್ಳೆಯ ಪ್ರತಿಗಳನ್ನು ತೆಗೆದುಕೊಳ್ಳುವ ಉಗ್ರಾಣವನ್ನು ಡಿಐಎಸ್‌ಎಂ ಸರಿ ಮಾಡುತ್ತದೆ.

ಕಲಿಯುವವರನ್ನು ತುಂಬಾ ಕಾಡುವುದು ಸಿ000007ಬಿ ಎಂಬ ದೋಷ ಸಂಖ್ಯೆ. ಫೈಲ್ ಇದೆ, ಆದರೆ 32 ಬಿಟ್ ಮತ್ತು 64 ಬಿಟ್ ಅದಲುಬದಲಾಗಿದೆ ಎಂದು ಸಾಮಾನ್ಯವಾಗಿ ಇದರ ಅರ್ಥ. ಇಲ್ಲಿ ಫೋಲ್ಡರ್ ಹೆಸರುಗಳೇ ದಾರಿ ತಪ್ಪಿಸುತ್ತವೆ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಮ್32 ಫೋಲ್ಡರಿನಲ್ಲಿ ಇರುವುದು 64 ಬಿಟ್ ಫೈಲುಗಳು. 32 ಬಿಟ್ ಫೈಲುಗಳು ಇರುವುದು ಸಿಸ್‌ವಾವ್64ರಲ್ಲಿ. ಹೌದು, ತಿರುಗುಮುರುಗಾಗಿಯೇ ಇದೆ. 64 ಬಿಟ್ ವಿಡಿಯೊ ಎಡಿಟರಿಗೆ 32 ಬಿಟ್ ಕೋಡೆಕ್ ಕಣ್ಣಿಗೇ ಬೀಳುವುದಿಲ್ಲ. ತಂತ್ರಾಂಶಕ್ಕೆ ಹೊಂದುವ ಕೋಡೆಕ್ ಅನ್ನು ಅದರ ಅಧಿಕೃತ ಇನ್‌ಸ್ಟಾಲರ್‌ನಿಂದಲೇ ಹಾಕಿ.

‘ರೆಗ್‌ಸರ್ವರ್32 ಓಡಿಸಿ’ ಎಂಬ ಸಲಹೆ ಎಲ್ಲ ಕಡೆ ಸಿಗುತ್ತದೆ. ಫೈಲನ್ನು ವಿಂಡೋಸ್‌ನಲ್ಲಿ ನೋಂದಣಿ ಮಾಡುವ ಆದೇಶ ಅದು. ಅದು ಡೈರೆಕ್ಟ್‌ಶೋನ ಡಾಟ್ ಎಎಕ್ಸ್ ಫೈಲುಗಳಿಗೆ, ಕ್ವಾರ್ಟ್ಜ್.ಡಿಎಲ್‌ಎಲ್‌ನಂಥವಕ್ಕೆ ಸರಿ. ಎಕ್ಸ್‌ವಿಡ್‌ಕೋರ್‌ಗೆ ಓಡಿಸಿದರೆ ‘ಫೈಲ್ ಲೋಡ್ ಆಯಿತು, ಪ್ರವೇಶ ಬಿಂದು ಸಿಗಲಿಲ್ಲ’ ಎಂಬ ಅರ್ಥದ ಉತ್ತರ ಬರುತ್ತದೆ. ಗಾಬರಿ ಬೇಡ. ಆ ಫೈಲ್ ಕೆಟ್ಟಿಲ್ಲ, ನೋಂದಣಿ ಮಾಡಿಸಿಕೊಳ್ಳುವ ಜಾತಿಯದಲ್ಲ ಅಷ್ಟೇ.

ಸಿ00ಡಿ5212 ಎಂಬ ದೋಷ ಸಂಖ್ಯೆ ಬಂದರೆ ಆ ಕೋಡೆಕ್ ವಿಂಡೋಸ್ ಹತ್ತಿರ ಇಲ್ಲ ಎಂದರ್ಥ. 2017ರ ಐಒಎಸ್ 11ರಿಂದ ಐಫೋನ್‌ಗಳು ಎಚ್‌ಇವಿಸಿಯಲ್ಲಿ ರೆಕಾರ್ಡ್ ಮಾಡಲು ಶುರು ಮಾಡಿದ ಮೇಲೆ ಇದು ಮನೆಮನೆಯ ತೊಂದರೆಯಾಗಿದೆ. ಮೈಕ್ರೋಸಾಫ್ಟ್ ಸ್ಟೋರಿನ ಎಚ್‌ಇವಿಸಿ ಎಕ್ಸ್‌ಟೆನ್ಶನ್ ಹಾಕಬಹುದು, ಅದಕ್ಕೆ ಸಣ್ಣ ಬೆಲೆ ಇದೆ. ಸುಮ್ನೆ ನೋಡುವುದಕ್ಕಾದರೆ ವಿಎಲ್‌ಸಿ ಪ್ಲೇಯರ್ ಸಾಕು. ಅದು ವಿಂಡೋಸ್‌ನ ಕೋಡೆಕ್‌ಗಳನ್ನು ನಂಬಿ ಕೂರುವುದಿಲ್ಲ, ಲಿಬ್‌ಎವಿಕೋಡೆಕ್ ಎಂಬ ಕೋಡೆಕ್ ಸಂಗ್ರಹವನ್ನು ಜೊತೆಗೇ ತರುತ್ತದೆ. ಇದರಿಂದ ಒಂದು ಒಳ್ಳೆಯ ಪರೀಕ್ಷೆಯೂ ಆಗುತ್ತದೆ. ವಿಎಲ್‌ಸಿಯಲ್ಲಿ ಓಡಿದರೆ ಫೈಲ್ ಚೆನ್ನಾಗಿದೆ, ಕೊರತೆ ಇರುವುದು ವಿಂಡೋಸ್ ಕಡೆ. ಆದರೆ ವಿಎಲ್‌ಸಿ ಹಾಕಿದ ಮಾತ್ರಕ್ಕೆ ನಿಮ್ಮ ಎಡಿಟರಿಗೆ ಆ ಕೋಡೆಕ್ ಸಿಗುವುದಿಲ್ಲ. ಎರಡೂ ಕಡೆ ಓಡದಿದ್ದರೆ ಎಫ್‌ಎಫ್‌ಎಂಪೆಗ್ ಎಂಬ ಉಚಿತ ವಿಡಿಯೊ ತಂತ್ರಾಂಶದಲ್ಲಿ ತೆರೆದು ನೋಡಿ. ‘ಮೂವ್ ಆಟಂ (ಫೈಲಿನ ಒಳಗಿನ ಸೂಚಿ) ಸಿಗಲಿಲ್ಲ’ ಎಂದರೆ ರೆಕಾರ್ಡಿಂಗ್ ಅರ್ಧಕ್ಕೇ ನಿಂತಿದೆ, ಅಥವಾ ಫೈಲ್ ಪೂರ್ತಿ ನಕಲಾಗಿಲ್ಲ. ಅದಕ್ಕೆ ಯಾವ ಕೋಡೆಕ್ ಹಾಕಿಯೂ ಪ್ರಯೋಜನವಿಲ್ಲ. ಮೂಲ ಕಾರ್ಡಿನಿಂದ ಮತ್ತೆ ನಕಲು ಮಾಡಿ ನೋಡಿ.

ಲಿನಕ್ಸ್ ಬಳಸುವವರಿಗೆ ಇದೇ ತೊಂದರೆ ‘ಲಿಬ್‌ಎವಿಕೋಡೆಕ್.ಎಸ್‌ಒ.58 ತೆರೆಯಲಾಗಲಿಲ್ಲ’ ಎಂಬ ರೂಪದಲ್ಲಿ ಬರುತ್ತದೆ. ಲಿಬ್‌ಎವಿಕೋಡೆಕ್ ಎಫ್‌ಎಫ್‌ಎಂಪೆಗ್‌ನದೇ ಭಾಗ, 58 ಅದರ ಆವೃತ್ತಿ ಸಂಖ್ಯೆ. ಆ 58 ಎಫ್‌ಎಫ್‌ಎಂಪೆಗ್ 4ರ ಕಾಲದ್ದು. ಎಫ್‌ಎಫ್‌ಎಂಪೆಗ್ 6ರಲ್ಲಿ ಅದು 60 ಆಗಿದೆ. 60ಕ್ಕೆ 58 ಎಂದು ಸಿಮ್‌ಲಿಂಕ್ (ಬೇರೆ ಹೆಸರಿನ ಕೊಂಡಿ) ಹಾಕುವ ಸಲಹೆಯನ್ನು ಪಾಲಿಸಬೇಡಿ, ಒಳಗಿನ ರಚನೆ ಬದಲಾಗಿರುವುದರಿಂದ ಪ್ರೋಗ್ರಾಂ ನಡುವೆಯೇ ಕುಸಿಯಬಹುದು. ನಿಮ್ಮ ಡಿಸ್ಟ್ರೊಗೆ (ನೀವು ಬಳಸುವ ಲಿನಕ್ಸ್ ಬಗೆಗೆ) ಹೊಂದುವ ಪ್ಯಾಕೇಜನ್ನೇ ಹಾಕಿ. ಅದು ಸಿಗದಿದ್ದರೆ, ಬೇಕಾದ ಲೈಬ್ರರಿಗಳನ್ನು ಜೊತೆಗೇ ತರುವ ಫ್ಲ್ಯಾಟ್‌ಪ್ಯಾಕ್ ಆವೃತ್ತಿ ಇದೆಯೇ ನೋಡಿ.