ಪದ ಪರಿಚಯ: ಭೂಸುಧಾರಣೆ ಕೇಸುಗಳಲ್ಲಿ ನ್ಯಾಯಾಂಗ ನಿಂದನೆ

ಹೈಕೋರ್ಟ್ ಆದೇಶ ಆಗಿದೆ, ಆದರೆ ಕಚೇರಿಯಲ್ಲಿ ಫೈಲು ಅಲುಗಾಡುತ್ತಿಲ್ಲ. ಗೇಣಿ ಜಮೀನಿನ ಕೇಸು ನಡೆಸಿದವರಿಗೆ ಇದು ಹೊಸದಲ್ಲ. ಆಗ ವಕೀಲರು ‘ಕಂಟೆಂಪ್ಟ್ ಹಾಕೋಣ’ ಅನ್ನುತ್ತಾರೆ. ಅದೇ ನ್ಯಾಯಾಂಗ ನಿಂದನೆ ಅರ್ಜಿ.

1971ರ ನ್ಯಾಯಾಂಗ ನಿಂದನೆ ಕಾಯ್ದೆಯಲ್ಲಿ ಎರಡು ಬಗೆ ಇವೆ. ಕೋರ್ಟಿನ ಗೌರವಕ್ಕೆ ಕುಂದು ತರುವುದು, ನ್ಯಾಯದಾನಕ್ಕೆ ಅಡ್ಡಿ ಮಾಡುವುದು ಕ್ರಿಮಿನಲ್ ನಿಂದನೆ. ಕೋರ್ಟಿನ ಆದೇಶವನ್ನು ಬೇಕಂತಲೇ ಪಾಲಿಸದಿರುವುದು, ಕೋರ್ಟಿಗೆ ಕೊಟ್ಟ ಮಾತನ್ನು ಬೇಕಂತಲೇ ಮುರಿಯುವುದು ಸಿವಿಲ್ ನಿಂದನೆ. ಜಮೀನಿನ ಕೇಸುಗಳಲ್ಲಿ ಜಾಸ್ತಿ ಬರುವುದು ಇದೇ.

ಕರ್ನಾಟಕದಲ್ಲಿ 1974ರ ಮಾರ್ಚ್ 1ರಿಂದ ಗೇಣಿ ಜಮೀನುಗಳು ಸರ್ಕಾರಕ್ಕೆ ಸೇರಿದವು. ಉಳುತ್ತಿದ್ದವರು ಫಾರಂ 7 ಹಾಕಿ ಭೂ ನ್ಯಾಯ ಮಂಡಳಿಯಲ್ಲಿ ಹಕ್ಕು ಕೇಳಿದರು. ಮಂಡಳಿ ತೀರ್ಪು ಕೊಟ್ಟರೆ ಸೋತವರು ಅದನ್ನು ಪ್ರಶ್ನಿಸಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕುತ್ತಾರೆ. ಹೈಕೋರ್ಟ್ ತೀರ್ಪು ರದ್ದು ಮಾಡಿ ‘ಮತ್ತೆ ವಿಚಾರಣೆ ಮಾಡಿ’ ಎಂದು ವಾಪಸ್ ಕಳಿಸಿದರೆ ಎಲ್ಲ ಮೊದಲಿಂದ ಶುರು. ಅರ್ಜಿ ಹಾಕಿದ ಅಪ್ಪ ತೀರಿಹೋಗಿ, ಮಕ್ಕಳು ಅಲೆಯುವಂತಾದ ಕೇಸುಗಳೂ ಇವೆ. ಇಂಥವರಿಗೆ ಒಂದೊಂದು ತಿಂಗಳ ವಿಳಂಬವೂ ದೊಡ್ಡದೇ.

ಆರು ತಿಂಗಳಲ್ಲಿ ತೀರ್ಮಾನ ಮಾಡಿ ಎಂದು ಹೈಕೋರ್ಟ್ ಮಂಡಳಿಗೆ ಹೇಳಿದೆ ಅಂದುಕೊಳ್ಳಿ. ಗಡುವು ಮುಗಿದರೂ ವಿಚಾರಣೆಗೆ ದಿನವನ್ನೇ ಕೊಟ್ಟಿಲ್ಲ. ಆಗ ನಿಂದನೆ ಅರ್ಜಿ ಹಾಕಬಹುದು. ನೋಟಿಸ್ ಬಂದ ಮೇಲೆ ಅಧಿಕಾರಿ ಕಾರಣ ಹೇಳಬೇಕು, ಇಲ್ಲವೇ ಆದೇಶ ಪಾಲಿಸಿ ಅಫಿಡವಿಟ್ ಹಾಕಬೇಕು. ಪಾಲಿಸಿದರೆ ಸಾಮಾನ್ಯವಾಗಿ ಕೋರ್ಟ್ ಅರ್ಜಿಯನ್ನು ಅಲ್ಲಿಗೇ ಮುಗಿಸುತ್ತದೆ. ಶಿಕ್ಷೆ ಆಗುವುದಾದರೆ ಆರು ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಮನಸಾರೆ ಕ್ಷಮೆ ಕೇಳಿದರೆ ಶಿಕ್ಷೆ ಮನ್ನಾ ಆಗಬಹುದು.

ತುಂಬಾ ಜನ ಎಡವುವುದು ಇಲ್ಲಿ: ಮಂಡಳಿ ಗಡುವಿನೊಳಗೇ ವಿಚಾರಣೆ ಮುಗಿಸಿ, ನಿಮ್ಮ ವಿರುದ್ಧ ತೀರ್ಪು ಕೊಟ್ಟರೆ? ಅದು ನಿಂದನೆ ಅಲ್ಲ. ತೀರ್ಮಾನ ಮಾಡಿ ಅಂದಿದ್ದರು, ಮಾಡಿದ್ದಾರೆ. ತಪ್ಪಾಗಿದೆ ಅನಿಸಿದರೆ ಮತ್ತೆ ರಿಟ್ ಹಾಕಬೇಕು. ಮೂಲ ಆದೇಶದಲ್ಲಿ ಇಲ್ಲದ್ದನ್ನು ನಿಂದನೆ ಅರ್ಜಿಯಲ್ಲಿ ಕೇಳಿ ಪಡೆಯೋಕೆ ಆಗಲ್ಲ. ಜಮೀನು ಯಾರದು ಅನ್ನುವ ಪ್ರಶ್ನೆಯೂ ಅಲ್ಲಿ ತೀರ್ಮಾನ ಆಗುವುದಿಲ್ಲ.

ಯಥಾಸ್ಥಿತಿ ಆದೇಶ (ಜಮೀನು ಈಗ ಹೇಗಿದೆಯೋ ಹಾಗೇ ಇರಲಿ ಎಂಬ ಕೋರ್ಟ್ ಆದೇಶ) ಇದ್ದಾಗ ಎದುರಾಳಿ ಬೇಲಿ ಕಿತ್ತು ಉಳುಮೆ ಮಾಡಿದರೂ ನಿಂದನೆ ಆಗಬಹುದು. ಆದರೆ ಆದೇಶ ಅವರಿಗೆ ಗೊತ್ತಿತ್ತು ಎಂದು ತೋರಿಸಬೇಕು. ಗೊತ್ತೇ ಇಲ್ಲದ ಆದೇಶವನ್ನು ಬೇಕಂತಲೇ ಮುರಿಯೋದು ಹೇಗೆ, ಅಲ್ವಾ? ಅದಕ್ಕೇ ಆದೇಶದ ದೃಢೀಕೃತ ಪ್ರತಿಯನ್ನು ಎದುರಾಳಿಗೂ ಕಚೇರಿಗೂ ತಲುಪಿಸಿ, ಸ್ವೀಕೃತಿ ಪತ್ರ ಜೋಪಾನವಾಗಿಡಿ. ತಾರೀಖನ್ನೂ ಬರೆದಿಟ್ಟುಕೊಳ್ಳಿ. ಉಲ್ಲಂಘನೆ ಆದ ದಿನದಿಂದ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು.